ಹೊರಗೆ ಹೋದ ಚೆಂಡು

ಬುಧವಾರ, ಮೇ 28, 2003. ನಂಜನಗೂಡು

ಮದುವೆಯಾಗಿ ಇವತ್ತಿಗೆ ಹದಿನೇಳು ದಿನ! ಈ ಡೈರಿ ನಾಗು ಕೊಟ್ಟದ್ದು. ಅವರ ಕಾರ್ಖಾನೆಯಲ್ಲಿ ಹೊಸ ವರ್ಷಕ್ಕೆ ಹಂಚಿದ್ದಂತೆ. ಮೊದಲ ನಾಲ್ಕು ತಿಂಗಳ ಹಾಳೆಗಳು ಖಾಲಿ. ಆ ತಿಂಗಳುಗಳಲ್ಲಿ ನಾವು ಗಂಡ ಹೆಂಡತಿ ಆಗಿರಲಿಲ್ಲವಲ್ಲ, ಖಾಲಿ ಇರುವುದೇ ಸರಿ! "ಕನ್ನಡದಲ್ಲಿ ಬರಿ ಮಿತ್ರಾ. ಕಾನ್ವೆಂಟ್ ಹುಡುಗಿ ಕೈಬರಹ ಒಂಚೂರು ಪಳಗಲಿ" ಎಂದು ಕಿಚಾಯಿಸಿದರು. ನಾನು ದಿಂಬು ಎಸೆದೆ.

ನಾಗು ಎಷ್ಟು ಚೆಂದ ಎಂದು ಬರೆಯಲು ಹೊರಟರೆ ಡಿಸೆಂಬರ್ ಮುಗಿದರೂ ಸಾಲದು. ಶಿಫ್ಟ್ ಮುಗಿಸಿ ಬರುವಾಗ ಗೇಟಿನ ಹತ್ತಿರವೇ ಸ್ಕೂಟರಿನ ಹಾರ್ನ್ ಎರಡು ಸಲ ಒತ್ತುತ್ತಾರೆ. ಅದು ನನಗೆ ಮಾತ್ರ. ಬೀದಿಗೆಲ್ಲ ಕೇಳಿಸುತ್ತದೆ, ಆದರೂ ನನಗೆ ಮಾತ್ರ. ಪ್ರತಿ ತಿಂಗಳ ಹನ್ನೊಂದನೇ ತಾರೀಖು, ನಮ್ಮ ಮದುವೆಯ ತಾರೀಖು, ಮನೆಯಲ್ಲಿ ಸಿಹಿ ಇರಲೇಬೇಕೆಂದು ತೀರ್ಮಾನಿಸಿದ್ದೇವೆ. ಸಾಯುವವರೆಗೆ! ಮರೆತವರು ಒಂದು ವಾರ ಪಾತ್ರೆ ತೊಳೆಯಬೇಕು.

ಪಕ್ಕದ ಮನೆಯ ಮಂಗಳಮ್ಮನವರಂತೂ ಬಲು ಒಳ್ಳೆಯವರು. ಬೆಳಿಗ್ಗೆ ತಮ್ಮ ಗಿಡದ ಮಲ್ಲಿಗೆ ಬಿಡಿಸಿ, ಬಾಳೆಯೆಲೆಯ ಚೂರಿನಲ್ಲಿಟ್ಟು, ಎರಡು ಮನೆಗಳ ನಡುವಿನ ಕಾಂಪೌಂಡ್ ಗೋಡೆಯ ಮೇಲಿಟ್ಟು, "ತಗೊಳಮ್ಮಾ" ಎಂದು ಕೂಗಿ ಒಳಗೆ ಹೋಗಿಬಿಡುತ್ತಾರೆ. ನಾನು ಎದುರಿಗೆ ನಿಂತಿದ್ದರೂ ಕೈಗೆ ಕೊಡುವುದಿಲ್ಲ, ಗೋಡೆಯ ಮೇಲೇ ಇಡುತ್ತಾರೆ. ಸ್ಕೂಲಿನಲ್ಲಿ ಕ್ರಿಸ್‌ಮಸ್ಸಿಗೆ ಡೆಸ್ಕಿನಲ್ಲಿ ಹೆಸರು ಬರೆಯದೆ ಉಡುಗೊರೆ ಇಡುತ್ತಿದ್ದೆವಲ್ಲ, ಥೇಟ್ ಹಾಗೆ. ಎಷ್ಟು ಸೊಗಸಾದ ಅಭ್ಯಾಸ!

ಭಾನುವಾರ, ಜೂನ್ 1. ನಂಜನಗೂಡು

ಇಂದು ತಿ. ನರಸೀಪುರಕ್ಕೆ ಹೋಗಿದ್ದೆವು. ಶುಕ್ರವಾರ ಮೈಸೂರಿನಲ್ಲಿ ಮಾವನ ಬಲಗಣ್ಣಿನ ಪೊರೆ ತೆಗೆದಿದ್ದಾರೆ. ಹಸಿರು ಬಟ್ಟೆಯ ತುಂಡೊಂದು ಕಣ್ಣಿನ ಮೇಲೆ ನೇತಾಡುತ್ತಿದೆ. ಒಂದು ತಿಂಗಳು ಓದಬಾರದು, ಬರೆಯಬಾರದು. ಎರಡು ತಿಂಗಳು ಬಗ್ಗಬಾರದು. ಚಪ್ಪಲಿಯನ್ನೂ ಅತ್ತೆಯೇ ಕಾಲಿಗೆ ತಳ್ಳುತ್ತಾರೆ, ತಮ್ಮ ಕಾಲಿನಿಂದ.

ನಮ್ಮ ಮಾವ ಗೋವಿಂದಯ್ಯ ಸಾಮಾನ್ಯರಲ್ಲ! 1974ರಲ್ಲಿ ಪೇಪರಿನ ಜಾಹೀರಾತು ನೋಡಿ ಅರ್ಜಿ ಹಾಕಿ, ಸಮುದ್ರದ ನಡುವಿನ ಲೊರೆವಾ ಎಂಬ ಪುಟ್ಟ ದ್ವೀಪಕ್ಕೆ ಲೆಕ್ಕದ ಮೇಷ್ಟರಾಗಿ ಹೋದವರು. ಹದಿನೇಳು ವರ್ಷ ಅಲ್ಲಿದ್ದರು. ಅವರಿರುವಾಗಲೇ ಅದು ಸ್ವತಂತ್ರ ದೇಶವಾಯಿತು. ಅಲ್ಲಿ ಫುಟ್‌ಬಾಲ್ ಎಂಬುದೇ ಇರಲಿಲ್ಲ. ಮೊದಲ ಚೆಂಡು ತರಿಸಿದ್ದು, ಮೊದಲ ಗೋಲುಕಂಬ ನೆಟ್ಟದ್ದು ಇವರೇ. ನನ್ನ ಹಳೆಯ ಸ್ಕೂಲ್ ಅಟ್ಲಾಸಿನಲ್ಲಿ ಆ ದೇಶ ಒಂದು ಚುಕ್ಕೆ. ಹೆಸರೇ ದೇಶಕ್ಕಿಂತ ಉದ್ದ.

"ಅಲ್ಲಿರೋರ್ಗೆಲ್ಲ ಆಟ ಕಲ್ಸಿದ್ರು ಕಣ್ ಕೂಸು," ಎಂದರು ಅತ್ತೆ. "ಎತ್ತ ಮಗಂಗೆ ಸೈಕಲ್ ತುಳಿಯದ ಕಲಿಸ್ನಿಲ್ಲ. ನಾನೇ ಇಂದ್ಗಡೆ ಇಡ್ಕಂಡು ಓಡ್ದೆ. ಬಿದ್ದಿದ್ದೂ ನಾನೇಯ."

ಇವತ್ತು ಹೋದದ್ದಕ್ಕೆ ಕಾರಣ ಒಂದು ಕಾಗದ. ಹಕ್ಕಿಗಳ ಸ್ಟಾಂಪು ಹಚ್ಚಿದ ದಪ್ಪ ಲಕೋಟೆ. ನಾನೇ ಜೋರಾಗಿ ಓದಿದೆ. ಬರೆದವರು ಅಲ್ಲಿಯ ಫುಟ್‌ಬಾಲ್ ಸಂಸ್ಥೆಯ ಕಾರ್ಯದರ್ಶಿ, ಮಾವನ ಹಳೆಯ ಶಿಷ್ಯ. ಸೆಪ್ಟೆಂಬರಿನಲ್ಲಿ ದೇಶಕ್ಕೆ ಇಪ್ಪತ್ತೈದು ವರ್ಷ ತುಂಬುತ್ತದೆ, ಜುಬಿಲಿ ಪಂದ್ಯವನ್ನು ಗೋವಿಂದ ಸಾರ್ ಶುರುಮಾಡಿಕೊಡಬೇಕು. ಟಿಕೆಟ್ ಅವರದೇ!

ಇನ್ನೊಂದು ಕೋರಿಕೆಯೂ ಇತ್ತು. ಚೆಂಡು ಪಕ್ಕದ ಗೆರೆ ದಾಟಿ ಹೊರಗೆ ಹೋದರೆ, ಲೋಕದಲ್ಲೆಲ್ಲ ಆಟಗಾರ ಅದನ್ನು ಎರಡು ಕೈಯಲ್ಲಿ ಎತ್ತಿ ತಲೆಯ ಮೇಲಿನಿಂದ ಒಳಗೆ ಎಸೆಯುತ್ತಾನೆ. ಲೊರೆವಾದ ಶಾಲೆಗಳಲ್ಲಿ ಮಾತ್ರ ಇವತ್ತಿಗೂ ಕಾಲಿನಿಂದ ಒದ್ದು ಒಳಗೆ ಹಾಕುತ್ತಾರೆ. ಅದಕ್ಕೆ 'ಗೋವಿನ್' ಎಂದು ಮಾವನ ಹೆಸರನ್ನೇ ಇಟ್ಟಿದ್ದಾರೆ! ಮಕ್ಕಳಿಗೆ ಅದೆಂದರೆ ಹೆಮ್ಮೆಯಂತೆ. ಅದು ಎಲ್ಲಿಂದ ಬಂತು ಎಂದು ಸಾರ್ ಒಂದು ಪುಟ ಬರೆದುಕೊಡಬೇಕು. ಸ್ಮರಣಸಂಚಿಕೆಯ ಮೊದಲ ಪುಟ ಅದಕ್ಕೆ ಮೀಸಲು. ಜುಲೈ ಹತ್ತರೊಳಗೆ ತಲುಪಬೇಕು.

ನನಗೆ ಕುಣಿಯುವಂತಾಯಿತು. ಮಾವ "ಕಾಗದ ಮಡಚಿಡಮ್ಮ" ಎಂದಷ್ಟೇ ಹೇಳಿದರು.

ಗುರುವಾರ, ಜೂನ್ 5. ತಿ. ನರಸೀಪುರ

ನನ್ನನ್ನು ಇಲ್ಲಿಗೆ ಕಳಿಸಿಬಿಟ್ಟಿದ್ದಾರೆ! ಮನೆಯಲ್ಲಿ ಇಂಗ್ಲಿಷ್ ಚೆನ್ನಾಗಿ ಬರುವವಳು ನಾನೊಬ್ಬಳೇ, ಮಾವನಿಗೆ ಓದುಬರಹ ಬೇಡ, ನಾಗುವಿಗೆ ಎರಡು ವಾರ ರಾತ್ರಿ ಪಾಳಿ. ಎಲ್ಲವೂ ಸೇರಿ ನನ್ನ ವಿರುದ್ಧ ಸಂಚು ಹೂಡಿದಂತಿದೆ. ಬಸ್ಸು ಹತ್ತಿಸುವಾಗ ನಾಗು ಕಿಟಕಿಯಿಂದ ಕಡಲೇಕಾಯಿ ಪೊಟ್ಟಣ ಕೊಟ್ಟರು. ನಾನು ಅತ್ತುಕೊಂಡೇ ತಿಂದೆ. ಪಕ್ಕದ ಅಜ್ಜಿ, "ತವರಿಗಾ ಮಗಾ?" ಎಂದಳು. "ಅಲ್ಲ, ಅತ್ತೆಮನೆಗೆ" ಎಂದೆ. "ಹಂಗಾದ್ರೆ ಅಳು" ಎಂದಳು.

ದಿನಕ್ಕೆ ನಾಲ್ಕು ಸಲ ಮಾವನ ಕಣ್ಣಿಗೆ ಹನಿ ಹಾಕುವುದು ನನ್ನ ಕೆಲಸ. ಎರಡು ಹನಿ ಬಿದ್ದ ಮೇಲೆ ಕಣ್ಣು ಮುಚ್ಚಿ ಐದು ನಿಮಿಷ ಕೂರಬೇಕು. ಓಡಿಹೋಗುವ ಹಾಗಿಲ್ಲ. ಆ ಐದು ನಿಮಿಷದಲ್ಲಿ ನಾನು ಪ್ರಶ್ನೆ ಕೇಳುತ್ತೇನೆ.

"ಮೊದಲ ಚೆಂಡು ಎಲ್ಲಿಂದ ತರಿಸಿದಿರಿ ಮಾವ?"

"ಹಡಗಲ್ಲಿ ಬಂತು. ಬರೋ ಹೊತ್ಗೆ ಗಾಳಿ ಹೋಗಿತ್ತು. ಪಂಪು ತರ್ಸಕ್ಕೆ ಇನ್ನೊಂದು ಹಡಗು ಕಾದ್ವಿ. ಮೂರು ತಿಂಗಳು."

"ಅಲ್ಲೀತನಕ?"

"ತೆಂಗಿನ ನಾರು ಸುತ್ತಿ ಆಡುದ್ರು. ಕಾಲೆಲ್ಲ ತರಚೋಗದು."

"ಆಮೇಲೆ, ಆ ಗೋವಿನ್?"

"ಐದು ನಿಮಿಷ ಆಯ್ತೇನಮ್ಮ?"

ನಿನ್ನೆಯಿಂದಲೂ ಆ ಪ್ರಶ್ನೆಗೆ ಐದು ನಿಮಿಷ ಮುಗಿದುಹೋಗುತ್ತದೆ. ಮಾವ ಬಹಳ ವಿನಯವಂತರು. ತಮ್ಮ ಹೊಗಳಿಕೆ ತಾವೇ ಹೇಳಿಕೊಳ್ಳುವುದು ಹೇಗೆ ಎಂದು ನಾಚಿಕೆ ಇರಬೇಕು.

ಬುಧವಾರ, ಜೂನ್ 11. ತಿ. ನರಸೀಪುರ

ಮೊದಲ ಹನ್ನೊಂದು! ಬೆಳಿಗ್ಗೆ ಏಳಕ್ಕೆ ನಾಗು ಫೋನ್ ಮಾಡಿದರು. ಇಬ್ಬರೂ ಫೋನಿನಲ್ಲೇ ಒಂದೊಂದು ಚಮಚ ಸಕ್ಕರೆ ತಿಂದೆವು. ನಾನು ಅತ್ತೆ. ನನ್ನ ಅತ್ತೆ ಬಾಗಿಲಲ್ಲಿ ನಿಂತು, "ಸಕ್ರೆ ತಿಂದ್ಕಂಡು ಅಳೋರ ಇದೇ ಮೊದ್ಲು ನೋಡಿದ್ದು ನಾನು" ಎಂದು ಹೇಳಿ, ಮಧ್ಯಾಹ್ನಕ್ಕೆ ಹೋಳಿಗೆಯನ್ನೇ ಮಾಡಿಬಿಟ್ಟರು. ಹದಿನೇಳು ವರ್ಷ ಅವರು ಮೂರು ವರ್ಷಕ್ಕೊಮ್ಮೆ ಗಂಡನ ಮುಖ ನೋಡಿದವರು. ನಾನು ಏಳು ದಿನಕ್ಕೆ ಅಳುತ್ತಿದ್ದೇನೆ. ನಾಚಿಕೆಯಾಯಿತು, ಆದರೂ ಮತ್ತೆ ಅತ್ತೆ.

ಶನಿವಾರ, ಜೂನ್ 14. ತಿ. ನರಸೀಪುರ

ಇಂದು ಗಂಗಾಧರಸ್ವಾಮಿಯವರು ಬಂದಿದ್ದರು. ಮಾರ್ಕೆಟ್ಟಿನ ಹತ್ತಿರ ಇವರದು ದೊಡ್ಡ ಗೊಬ್ಬರದ ಅಂಗಡಿ. ಮಾವನ ಶಾಲೆಯ ಸಹಪಾಠಿ. ಹಣೆಯ ತುಂಬ ವಿಭೂತಿ, ಬಾಯಿ ತುಂಬ ಮಾತು. ಜಗುಲಿಯ ಕುರ್ಚಿಯಲ್ಲಿ ಕೂತು, "ಏನ್ ಗೋವಿಂದು, ಒಂಟಿಕಣ್ಣು ಶುಕ್ರಾಚಾರ್ಯ ಆಗ್ಬುಟ್ಟಿದ್ದೀಯ?" ಎಂದರು.

"ನಿನ್ನ ಮುಖ ನೋಡಕ್ಕೆ ಒಂದು ಕಣ್ಣು ಸಾಕು ಸ್ವಾಮಿ" ಎಂದರು ಮಾವ.

ನಾನು ಕಾಗದದ ಸಂಗತಿ ಹೇಳಿದೆ. ಸ್ವಾಮಿಯವರಿಗೆ ಸಂತೋಷವೋ ಸಂತೋಷ. "ಹೊಳೆ ಪಕ್ಕದ ಮೈದಾನ ಕಣಮ್ಮ. ಎಂಟನೇ ಕ್ಲಾಸಿಂದ ಆಡುದ್ವಿ. ನಿಮ್ಮಾವ ಚೆಂಡು ಕಾಲಿಗೆ ಅಂಟಿಸ್ಕಂಡ್ರೆ ಬುಡುಸೋರೇ ಇರ್ಲಿಲ್ಲ. ಗೆರೆ ದಾಟಿ ಹೋಯ್ತಾ, ನಾವಾದ್ರೆ ಎತ್ತಿ ಎಸೀತಿದ್ವಿ. ಇವ್ನು ಮುಟ್ತಾನೇ ಇರ್ಲಿಲ್ಲ. ಅಲ್ಲಿಂದ್ಲೇ ಒಂದು ಒದ್ದ ಅಂದ್ರೆ ನೆಟ್ಟಗೆ ಗೋಲ್ ಮುಂದಕ್ಕೆ."

"ಯಾಕೆ ಮುಟ್ಟುತ್ತಿರಲಿಲ್ಲ?" ಎಂದು ಕೇಳಿದೆ.

ಸ್ವಾಮಿಯವರು ಕಾಫಿ ಲೋಟ ತಿರುಗಿಸಿದರು. "ಅವಾಗ ಹಂಗೇ ಇತ್ತು ಕಣಮ್ಮ. ಒಂದು ಪದ್ಧತಿ. ನೀನು ಬರಿ, ಇದು ನಮ್ಮೂರ ಪದ್ಧತಿ ಅಂತ. ಮೂರು ನದಿ ಸೇರೋ ಜಾಗ, ಪುಣ್ಯಕ್ಷೇತ್ರ ಅಂತ್ಲೂ ಸೇರ್ಸು. ಫಾರಿನ್ನೋರಿಗೆ ಇಷ್ಟ ಆಯ್ತದೆ."

ಎಷ್ಟು ಒಳ್ಳೆಯ ಸಲಹೆ! ಇವತ್ತೇ ಬರೆಯಲು ಕುಳಿತೆ. ಮಾವ ಯಾವಾಗ ಒಳಗೆ ಎದ್ದುಹೋದರೋ ನೋಡಲಿಲ್ಲ.

ಸೋಮವಾರ, ಜೂನ್ 16. ತಿ. ನರಸೀಪುರ

ಲೇಖನ ಮುಗಿಯಿತು. ಒಂದು ಪುಟ ಕೇಳಿದ್ದರು, ಮೂರಾಗಿದೆ. ಸಂಗಮದ ಪವಿತ್ರ ಮರಳು, ತಲೆತಲಾಂತರದ ಸಂಪ್ರದಾಯ, ಚೆಂಡನ್ನು ಕೈಯಿಂದ ಮುಟ್ಟದೆ ಗೌರವಿಸುತ್ತಿದ್ದ ಹಳ್ಳಿಯ ಮುಗ್ಧ ಬಾಲಕರು. ಓದುತ್ತ ಓದುತ್ತ ನನಗೇ ರೋಮಾಂಚನ.

ಬೆಳಗಿನ ಹನಿ ಹಾಕಿ, ಮಾವ ಕಣ್ಣು ಮುಚ್ಚಿದ ಮೇಲೆ ಓದಿದೆ. ಐದು ನಿಮಿಷ ಕಳೆದು ಹತ್ತಾಯಿತು. ಅವರು ಕಣ್ಣು ತೆರೆಯಲಿಲ್ಲ. ಹಸಿರು ಬಟ್ಟೆಯ ಕೆಳಗಿನಿಂದ ನೀರು ಇಳಿಯಿತು. ಔಷಧಿಯದಿರಬೇಕು.

"ಚೆನ್ನಾಗದೆ ಕಣಮ್ಮ" ಎಂದರು. "ಕಳಿಸ್ಬೇಡ."

"ಯಾಕೆ ಮಾವ? ಉದ್ದವಾಯಿತಾ?"

"ಹೂಂ, ಉದ್ದ ಆಯ್ತು."

ಮೊಟಕು ಮಾಡಿಕೊಡುತ್ತೇನೆ ಎಂದೆ. ಬೇಡ ಎಂದರು. ಹೋಗುವುದೂ ಬೇಡ, ಬರೆಯುವುದೂ ಬೇಡ, ಕಣ್ಣು ಸರಿಯಿಲ್ಲ ಎಂದು ಎರಡು ಸಾಲು ಬರೆದು ಹಾಕಿಬಿಡು ಎಂದರು. ನಾನು ಅಡುಗೆಮನೆಗೆ ಹೋಗಿ ಅತ್ತೆಯ ಮುಂದೆ ನಿಂತೆ. ಅತ್ತೆ ಸೊಪ್ಪು ಬಿಡಿಸುತ್ತಿದ್ದರು. ತಲೆ ಎತ್ತಲಿಲ್ಲ. "ನೀ ಬರ್ದಿರದು ಓದ್ದಲ್ಲ, ನಂಗೂ ಕೇಳುಸ್ತು. ಇಂಗ್ಲೀಸು ಅರ್ತ ಆಗ್ನಿಲ್ಲ. ಅವ್ರ ಮಕ ನೋಡ್ದೆ, ಅರ್ತ ಆಯ್ತು. ಸಾಯಂಕಾಲ ಹೊಳೆ ಕಡೀಕೆ ಕರ್ಕಂಡ್ ಓಗು. ಮನೇಲಿ ಬಾಯಿ ಬುಡಲ್ಲ ಅವ್ರು."

ಮಂಗಳವಾರ, ಜೂನ್ 17

ಮಳೆ. ಹೋಗಲಿಲ್ಲ. ನಾಗುವಿಗೆ ಫೋನ್ ಮಾಡಿದೆ, ಮಲಗಿದ್ದರು.

ಗುರುವಾರ, ಜೂನ್ 19. ತಿ. ನರಸೀಪುರ

ನಿನ್ನೆ ಸಂಜೆ ಮಾವನನ್ನು ಹೊಳೆಯ ಮೆಟ್ಟಿಲಿಗೆ ಕರೆದುಕೊಂಡು ಹೋಗಿದ್ದೆ. ಅವರು ಹೇಳಿದ್ದನ್ನು ಮರೆಯುವ ಮೊದಲು ಬರೆದಿಡಬೇಕು. ಆದಷ್ಟು ಅವರ ಮಾತಿನಲ್ಲೇ.

"ಕೇರಿ ಹುಡುಗ್ರು ನಾವು ಮೂರು ಜನ ಇದ್ವಿ ಆ ಸ್ಕೂಲಲ್ಲಿ. ಆಟಕ್ಕೆ ಜನ ಸಾಲ್ದು ಅಂತ ಸೇರ್ಸ್ಕಂಡ್ರು. ಕಾಲಲ್ಲಿ ಆಡೋ ಆಟ, ಅಡ್ಡಿ ಇಲ್ಲ ಅಂದ್ರು ಡ್ರಿಲ್ ಮೇಷ್ಟ್ರು. ಕೈಯಲ್ಲಿ ಮಾತ್ರ ಮುಟ್ಕೂಡ್ದು. ಮುಟ್ಟಿದ್ರೆ ಚೆಂಡು ಮೈಲಿಗೆ. ಅವ್ರು ಎತ್ತಿ ಎಸೀತಿದ್ರು, ನಾವು ಒದ್ದು ಹಾಕ್ತಿದ್ವಿ."

"ಚರ್ಮದ ಚೆಂಡಲ್ಲವಾ ಮಾವ?"

ಮಾವ ನಕ್ಕರು. "ಚರ್ಮದ್ದೇ. ಹರಿದೋದ್ರೆ ಹೊಲಿಸ್ಕಂಡು ಬರೋಕೆ ನನ್ನ ಕೈಗೇ ಕೊಡೋರು. ಅವಾಗ ಕಂಕುಳಲ್ಲಿ ಇಟ್ಕಂಡು ಊರೆಲ್ಲ ಸುತ್ಬೋದಿತ್ತು. ಹರಿದಾಗ ಮುಟ್ಬೋದು, ಆಡುವಾಗ ಮುಟ್ಕೂಡ್ದು. ಇನ್ನೊಂದು ಏನು ಅಂದ್ರೆ, ಹೊಳೆಗೆ ಬಿದ್ರೆ ಮುಟ್ಬೋದಿತ್ತು. ನೀರು ತೊಳೀತದೆ ಅಂತ. ಅದಕ್ಕೇ ಬೇಕು ಅಂತ್ಲೇ ಹೊಳೆಗೆ ಒದೀತಿದ್ದೆ. ಈಜೋಗಿ, ಎದೆಗೆ ಅವುಚ್ಕಂಡು, ನಿಧಾನಕ್ಕೆ ಬರ್ತಿದ್ದೆ. ಬೇಗ ಬಾರ್ಲಾ ಅಂತ ಕೂಗೋರು. ನಾನು ನಿಧಾನಕ್ಕೇ ಬರ್ತಿದ್ದೆ."

ಆಮೇಲೆ ಉಳಿದದ್ದನ್ನು ಹೇಳಿದರು. ಹತ್ತನೇ ಕ್ಲಾಸಿನ ಮೇಲೆ ಅವರು ಆಡಲೇ ಇಲ್ಲ. ಫುಟ್‌ಬಾಲ್ ಪಂದ್ಯ ಎಂಬುದನ್ನು ಎಲ್ಲಿಯೂ ನೋಡಲೂ ಇಲ್ಲ. ಲೊರೆವಾದಲ್ಲಿ ಹೆಡ್ಮಾಸ್ಟರು ಯಾರಿಗಾದರೂ ಆಟ ಬರುತ್ತದೆಯೇ ಎಂದು ಕೇಳಿದಾಗ ಕೈ ಎತ್ತಿದರು.

"ನಾನೇನು ತಿಳ್ಕಂಡಿದ್ದೆ ಗೊತ್ತಾ? ನಿಜವಾದ ರೂಲು ನಂದೇ ಅಂತ. ಕಾಲಿನ ಆಟ, ಕಾಲಲ್ಲೇ ಹಾಕ್ಬೇಕು. ಅವ್ರು ಕೈ ಹಾಕದು ಅವ್ರ ದೊಡ್ಡಸ್ತಿಕೆ, ಆಟ್ಕೂ ಅದ್ಕೂ ಸಂಬಂಧ ಇಲ್ಲ ಅಂತ. ಆ ದೇಶದಲ್ಲಿ ದೊಡ್ಡೋರು ಚಿಕ್ಕೋರು ಯಾರೂ ಇರ್ಲಿಲ್ಲವಲ್ಲ. ಎಲ್ರಿಗೂ ರೂಲೇ ಕಲಿಸ್ದೆ."

ಮೂರು ವರ್ಷವಾದ ಮೇಲೆ ಒಂದು ಹಡಗು ಬಂತು. ಅದರ ನಾವಿಕರ ಜೊತೆ ಶಾಲೆಯ ಹುಡುಗರ ಪಂದ್ಯ. ಚೆಂಡು ಹೊರಗೆ ಹೋಯಿತು, ಒಬ್ಬ ನಾವಿಕ ಎತ್ತಿ ಎಸೆದ. ಹುಡುಗರೆಲ್ಲ ಒಂದೇ ದನಿಯಲ್ಲಿ "ಫೌಲ್ ಸಾರ್!" ಎಂದು ಕೂಗಿದರು. ಮಾವನೂ ಪೀಪಿ ಊದಿದರು. ನಾವಿಕರು ನಕ್ಕು, ಹಡಗಿನಿಂದ ನಿಯಮದ ಪುಸ್ತಕ ತಂದು ತೋರಿಸಿದರು.

"ಕೈಯಲ್ಲೇ ಎಸೀಬೇಕು ಅಂತ ಅಚ್ಚಾಗಿತ್ತು ಕಣಮ್ಮ. ಮೂವತ್ಮೂರು ವರ್ಷ ನಂಗವಾಗ. ಅವ್ರದ್ದೇ ರೂಲು, ನಂದು ಅಲ್ಲ ಅಂತ ಮೂವತ್ಮೂರಕ್ಕೆ ಗೊತ್ತಾಯ್ತು."

ದೊಡ್ಡ ತಂಡಕ್ಕೆ ಸರಿಯಾದ ನಿಯಮ ಕಲಿಸಿದರು. ಶಾಲೆಯ ಮಕ್ಕಳು ಬಿಡಲಿಲ್ಲ. ಅದು ಸಾರ್ ಕೊಟ್ಟದ್ದು, ನಮ್ಮದು ಎಂದರು.

"ಈಗ ನಾನು ನಿಜ ಬರೆದ್ರೆ, ಅಷ್ಟು ಮಕ್ಕಳು ಹೆಮ್ಮೆಯಿಂದ ಮಾಡ್ತಿರದು ನನ್ನ ಕೇರಿ ಮೈಲಿಗೆ ಅಂತ ಆಗೋಗ್ತದೆ. ಸುಳ್ಳು ಬರೆದ್ರೆ ಆ ಮೊದಲ ಪುಟಾನ ನಾನೇ ಕೈಯಲ್ಲಿ ಹಿಡಿಯಕ್ಕಾಗಲ್ಲ. ಅದಕ್ಕೇ ಕಣ್ಣು ಸರಿ ಇಲ್ಲ ಅಂತ ಬರೆದ್ಬುಡು."

ನನಗೆ ಜಾತಿ ಎಂದರೆ ಫಾರಂ ತುಂಬುವಾಗ ಬರೆಯುವ ಒಂದು ಪದ. ಮನೆಗೆ ಬಂದು ಮೈಸೂರಿಗೆ, ಅಪ್ಪನಿಗೆ ಫೋನ್ ಮಾಡಿದೆ. "ನಿಮ್ಮ ಶಾಲೆಯಲ್ಲೂ ಹೀಗೆಲ್ಲ ಇತ್ತಾ ಅಪ್ಪ? ಆಟದಲ್ಲಿ?" ಅಪ್ಪ ಬ್ಯಾಂಕಿನಲ್ಲಿ ಆಫೀಸರು, ಎಲ್ಲದಕ್ಕೂ ಉತ್ತರ ಇರುವವರು. "ನಾನು ಆಟಕ್ಕೆ ಹೋಗ್ತಾನೇ ಇರ್ಲಿಲ್ಲ" ಎಂದರು. ಯಾಕೆ ಎಂದೆ. "ಊಟ ಆಯ್ತಾ?" ಎಂದರು.

ಭಾನುವಾರ, ಜೂನ್ 22. ತಿ. ನರಸೀಪುರ

ನಾಗು ಬಂದರು. ಅವರಿಗೆ ಇದರಲ್ಲಿ ಅರ್ಧ ಗೊತ್ತಿತ್ತು. ಅರ್ಧ ಗೊತ್ತಿದ್ದೂ ನನಗೆ ಯಾಕೆ ಹೇಳಲಿಲ್ಲ ಎಂದೆ. "ನೀನು ಖುಷಿಯಾಗಿದ್ದೆ" ಎಂದರು.

ಊಟಕ್ಕೆ ಕೂತಾಗ ನಾನೇ ಮಾತು ತೆಗೆದೆ. ಹೋಗದಿದ್ದರೂ ಪರವಾಗಿಲ್ಲ, ಕಣ್ಣಿನ ನೆಪ ಮಾತ್ರ ಬರೆಯುವುದಿಲ್ಲ, ನನ್ನ ಕೈಯಲ್ಲಿ ಆಗುವುದಿಲ್ಲ ಎಂದೆ. ಮಾವನಿಗೆ ಹೀಗೆ ಎದುರು ಹೇಳಿದ್ದು ಇದೇ ಮೊದಲು. ನಾಗು ಸಾರು ಕಲಸುವುದನ್ನು ನಿಲ್ಲಿಸಿದರು.

ಅತ್ತೆ ಮುದ್ದೆ ಬಡಿಸುತ್ತ ಹೇಳಿದರು: "ಓಗದಾರೆ ನಿಜ ಏಳಿ ಓಗಿ. ಇಲ್ದಿದ್ರೆ ಇಲ್ಲೇ ಇರಿ. ಸುಳ್ ಒತ್ಕಂಡು ಅಷ್ಟು ದೂರ ಯಾಕೋಗಿರಿ? ಇಮಾನ್ದಲ್ಲಿ ತೂಕ ಆಕ್ತರಂತೆ."

ಮಾವ ತುಂಬ ಹೊತ್ತು ನಕ್ಕರು. ನಗು ನಿಂತ ಮೇಲೆ, "ಪೆನ್ನು ತಗಂಬಾರಮ್ಮ" ಎಂದರು. ಇಂಗ್ಲಿಷಿನಲ್ಲಿ ಹೇಳಿದರು. ನಡುವೆ ಒಮ್ಮೆಯೂ ತಿದ್ದಲಿಲ್ಲ. ಇಲ್ಲಿ ಕನ್ನಡದಲ್ಲಿ ಇಳಿಸಿಕೊಂಡಿದ್ದೇನೆ.

"ಪ್ರಿಯ ಶಿಷ್ಯ, ನೀವು ಕೇಳಿದ ಪದ್ಧತಿ ನಾನು ಓದಿದ ಶಾಲೆಯದು. ಅಲ್ಲಿ ಹೊರಗೆ ಹೋದ ಚೆಂಡನ್ನು ಕೆಲವು ಹುಡುಗರು ಕೈಯಿಂದ ಎಸೆಯಬಹುದಿತ್ತು. ಕೆಲವರು ಹುಟ್ಟಿದ ಜಾತಿಯ ಕಾರಣಕ್ಕೆ ಅದನ್ನು ಕೈಯಿಂದ ಮುಟ್ಟಬಾರದಿತ್ತು. ನಾನು ಮುಟ್ಟಬಾರದವರಲ್ಲಿ ಒಬ್ಬ. ಕಾಲಿನಿಂದ ಹಾಕುವುದೇ ಆಟದ ನಿಯಮ, ಕೈಯಿಂದ ಎಸೆಯುವುದು ದೊಡ್ಡವರ ಹಕ್ಕು ಎಂದು ನಂಬಿದ್ದೆ. ನಿಮ್ಮಲ್ಲಿ ದೊಡ್ಡವರು ಯಾರೂ ಕಾಣಲಿಲ್ಲ. ಅದರಿಂದ ಎಲ್ಲರಿಗೂ ನಿಯಮವನ್ನೇ ಕಲಿಸಿದೆ. ಅದು ನನ್ನ ತಪ್ಪು. ತಿಳಿದ ಮೇಲೂ ನಿಮಗೆ ಕಾರಣ ಹೇಳದೆ ಉಳಿದದ್ದು ಎರಡನೆಯ ತಪ್ಪು. ನಿಮ್ಮ ಮಕ್ಕಳು ಇನ್ನು ಕೈ ಬಳಸಬಹುದು. ಗೋವಿಂದಯ್ಯ."

ಅರ್ಧ ಪುಟವೂ ಆಗಲಿಲ್ಲ. ನಾನು ಏನನ್ನೂ ಸೇರಿಸಲಿಲ್ಲ.

ಬುಧವಾರ, ಜೂನ್ 25. ನಂಜನಗೂಡು

ಸೋಮವಾರ ಹೊರಡುವ ಮೊದಲು ಗಂಗಾಧರಸ್ವಾಮಿಯವರ ಅಂಗಡಿಗೆ ಹೋಗಿ ಕಾಗದದ ಪ್ರತಿ ತೋರಿಸಿದೆ. ಮಾವ ಹೇಳಿರಲಿಲ್ಲ, ನನಗೇ ತೋರಿಸಬೇಕೆನಿಸಿತು. ಕನ್ನಡಕ ಹಾಕಿಕೊಂಡು ಗೊಬ್ಬರದ ಮೂಟೆಗಳ ನಡುವೆ ನಿಂತು ಓದಿದರು. ಎರಡು ಸಲ ಓದಿದರು.

"ನನ್ನ ಹೆಸ್ರು ಹಾಕಿಲ್ಲ" ಎಂದರು.

"ಇಲ್ಲ. ಮಾವ ಯಾರ ಹೆಸರನ್ನೂ ಹೇಳಲಿಲ್ಲ."

"ಹಾಕ್ಬೋದಿತ್ತು." ಕಾಗದವನ್ನು ಮಡಿಕೆಯಲ್ಲೇ ಮಡಚಿದರು. "ನಾನೇನ್ ಕೆಟ್ಟೋನಲ್ಲ ಕಣಮ್ಮ. ಚೆಂಡು ಎತ್ತಿ ಎಸೀವಾಗ ಏನೂ ಅಂದ್ಕಂಡಿರ್ಲೇ ಇಲ್ಲ. ಒಂದು ದಿನಾನೂ ಅಂದ್ಕಂಡಿರ್ಲಿಲ್ಲ." ಅಷ್ಟರಲ್ಲಿ ಯೂರಿಯಾ ಕೇಳುತ್ತ ಒಬ್ಬರು ಬಂದರು. ನಾನು ಬಂದುಬಿಟ್ಟೆ.

ಇಂದು ಬಸ್ ಸ್ಟ್ಯಾಂಡಿನ ಬಳಿಯ ಸೈಬರ್ ಸೆಂಟರಿನಲ್ಲಿ ಟೈಪ್ ಮಾಡಿ ಇಮೇಲ್ ಕಳಿಸಿದೆ. ಮೂರು ಸಲ ಕರೆಂಟು ಹೋಯಿತು. ಮೂರು ಸಲವೂ ಮೊದಲಿನಿಂದ ಟೈಪ್ ಮಾಡಿದೆ. ಈಗ ಬಾಯಿಪಾಠವಾಗಿದೆ.

ಮಂಗಳವಾರ, ಜುಲೈ 1. ನಂಜನಗೂಡು

ಬೆಳಿಗ್ಗೆ ಮಂಗಳಮ್ಮನವರು ಹೂವು ತಂದಾಗ ನಾನು ಗೋಡೆಯ ಹತ್ತಿರವೇ ಬಟ್ಟೆ ಹರವುತ್ತಿದ್ದೆ. ಅವರು ಎಲೆಯನ್ನು ಗೋಡೆಯ ಮೇಲೆ ಇಡಲು ಹೋದರು. ನಾನು ಕೈ ಚಾಚಿದೆ. ಅವರು ಕೈ ನೋಡಿದರು, ಗೋಡೆ ನೋಡಿದರು. ನಾನು ಕೈ ಹಿಂದಕ್ಕೆ ತೆಗೆದುಕೊಳ್ಳಲಿಲ್ಲ. ಕೊನೆಗೆ ಒಂದು ಗೇಣು ಎತ್ತರದಿಂದ ಹೂವನ್ನು ಅಂಗೈಗೆ ಬಿಟ್ಟರು. ಎರಡು ಮೊಗ್ಗು ಕೆಳಗೆ ಬಿದ್ದವು.

"ನಾಳೆನೂ ಕೈಗೇ ಕೊಡಿ ಮಂಗಳಮ್ಮ. ಗೋಡೆ ಮೇಲೆ ಇರುವೆ ಇರ್ತವೆ" ಎಂದೆ.

ಸಂಜೆ ನಾಗುವಿಗೆ ಹೇಳಿದೆ. ನೀನು ಹಾಗೆ ಅಂದೆಯಾ ಎಂದು ಎರಡು ಸಲ ಕೇಳಿದರು.

ಸೋಮವಾರ, ಜುಲೈ 7. ನಂಜನಗೂಡು

ಹನ್ನೆರಡು ದಿನ, ದಿನಕ್ಕೊಮ್ಮೆ ಸೈಬರ್ ಸೆಂಟರಿಗೆ ಹೋಗಿದ್ದೇನೆ. ಇಂದು ಉತ್ತರ ಬಂದಿತ್ತು. ಅಲ್ಲಿಂದಲೇ ನರಸೀಪುರಕ್ಕೆ ಫೋನ್ ಮಾಡಿ ಓದಿದೆ.

ಸಾರ್ ಬರೆದದ್ದನ್ನು ಒಂದಕ್ಷರ ಬದಲಿಸದೆ ಮೊದಲ ಪುಟದಲ್ಲಿ ಹಾಕುತ್ತಾರಂತೆ. ಅದಕ್ಕೂ ಮೊದಲು ಮಾವ ಪಾಠ ಮಾಡಿದ ಶಾಲೆಯಲ್ಲಿ ಬೆಳಗಿನ ಪ್ರಾರ್ಥನೆಯ ಹೊತ್ತಿಗೆ ಅದನ್ನು ಓದಿದರಂತೆ. ಮಕ್ಕಳು ತುಂಬ ಹೊತ್ತು ಚರ್ಚೆ ಮಾಡಿದರಂತೆ. ಗೋವಿನ್ ಬಿಡುವುದಿಲ್ಲ ಎಂಬುದು ಅವರ ನಿರ್ಧಾರ. ಇಲ್ಲಿ ಅದು ಎಲ್ಲರಿಗೂ ಒಂದೇ ನಿಯಮ, ಆದ್ದರಿಂದ ಅದರಲ್ಲಿ ತಪ್ಪಿಲ್ಲ ಎಂದರಂತೆ. ಒಂದನೇ ತರಗತಿಯ ಹುಡುಗಿಯೊಬ್ಬಳು ಎದ್ದು, "ಸಾರ್ ಆಮೇಲಾದರೂ ಕೈಯಿಂದ ಎಸೆದರಾ?" ಎಂದು ಕೇಳಿದಳಂತೆ. ಯಾರಿಗೂ ಗೊತ್ತಿರಲಿಲ್ಲ. ಅದಕ್ಕೇ ಜುಬಿಲಿ ಪಂದ್ಯದ ಮೊದಲ ಚೆಂಡನ್ನು ಸಾರ್ ಗೆರೆಯ ಹೊರಗೆ ನಿಂತು ಕೈಯಿಂದ ಎಸೆಯಬೇಕು, ಇದು ಮಕ್ಕಳ ಬೇಡಿಕೆ.

ಕೊನೆಯ ಸಾಲನ್ನು ಇನ್ನೊಮ್ಮೆ ಓದಿದೆ.

"ಆಮೇಲಾದರೂ ಎಸೆದಿರಾ ಮಾವ?" ಎಂದೆ.

"ಕಲಿಸ್ದೆ. ಎಸೀಲಿಲ್ಲ" ಎಂದರು.

ಭಾನುವಾರ, ಜುಲೈ 13. ತಿ. ನರಸೀಪುರ

ನಾಗು ಮೈಸೂರಿನಿಂದ ಚೆಂಡು ತಂದಿದ್ದರು. ಸಂಜೆ ಹೊಳೆ ಪಕ್ಕದ ಅದೇ ಮೈದಾನಕ್ಕೆ ಹೋದೆವು. ಈಗ ಅಲ್ಲಿ ಗೋಲುಕಂಬ ಇಲ್ಲ, ಬೇಲಿಯಾಚೆ ಯಾರದೋ ಎಮ್ಮೆ ಕಟ್ಟಿತ್ತು. ಸುಣ್ಣದ ಪುಡಿಯಲ್ಲಿ ನಾನೇ ಗೆರೆ ಎಳೆದೆ. ಲೊರೆವಾದ ಹಳೆಯ ಪೀಪಿ ನನ್ನ ಕೊರಳಲ್ಲಿ, ನಿಯಮದ ಪುಸ್ತಕ ಕೈಯಲ್ಲಿ. ಎರಡೂ ಕೈ, ತಲೆಯ ಹಿಂದಿನಿಂದ, ಎರಡೂ ಪಾದ ನೆಲದ ಮೇಲೆ.

ಮೊದಲ ಸಲ ಮಾವನ ಹಿಂಗಾಲು ಎದ್ದಿತು. ಪೀಪಿ ಊದಿದೆ. ಎರಡನೆಯ ಸಲ ಚೆಂಡು ತಲೆಯ ಹಿಂದೆಯೇ ಜಾರಿ ಬಿತ್ತು. "ಸಿಸ್ಯರು ನೋಡದು ಇದ್ನಾ?" ಎಂದರು ಅತ್ತೆ. ಮೂರನೆಯದು ನೆಟ್ಟಗೆ ಎಮ್ಮೆಗೆ. ಮಾವ ಬಗ್ಗುವ ಹಾಗಿಲ್ಲವಾದ್ದರಿಂದ ಪ್ರತಿ ಸಲವೂ ನಾಗು ಓಡಿ ಚೆಂಡು ತಂದು ಕೈಗೆ ಕೊಡಬೇಕು.

ಗಂಗಾಧರಸ್ವಾಮಿಯವರು ಯಾವಾಗ ಬಂದು ಹೊಂಗೆಮರದ ಕೆಳಗೆ ನಿಂತಿದ್ದರೋ ಗೊತ್ತಿಲ್ಲ. ಅಂಗಡಿಗೆ ಹೋದ ದಿನದಿಂದ ಅವರು ಮನೆಯ ಕಡೆ ಬಂದಿರಲಿಲ್ಲ. ನಾಲ್ಕನೆಯ ಸಲ ಚೆಂಡು ಮಾವನ ಕೈತಪ್ಪಿ ಉರುಳುತ್ತ ಹೋಗಿ ಅವರ ಕಾಲ ಹತ್ತಿರ ನಿಂತಿತು. ನಾಗು ಹೊರಟವರು ಅಲ್ಲೇ ನಿಂತರು.

ಸ್ವಾಮಿಯವರು ಪಂಚೆ ಸರಿಮಾಡಿಕೊಂಡು ಬಗ್ಗಿದರು. ಚೆಂಡನ್ನು ಎತ್ತಿ ಎರಡು ಕೈಯಲ್ಲಿ ಹಿಡಿದರು. ಎಸೆಯುವವರ ಹಾಗೆ ಒಂದು ಕ್ಷಣ ಮೇಲಕ್ಕೆತ್ತಿದರು. ಎಸೆಯಲಿಲ್ಲ. ಗೆರೆಯವರೆಗೆ ನಡೆದು ಬಂದರು. ಬರುವುದು ನಿಧಾನವಾಯಿತು.

"ತಗೊ ಗೋವಿಂದು" ಎಂದು ಮಾವನ ಕೈಯಲ್ಲಿ ಇಟ್ಟರು.

ನಾನು ಪಾದಗಳನ್ನೇ ನೋಡುತ್ತಿದ್ದೆ. ಎರಡೂ ನೆಲದ ಮೇಲಿದ್ದವು. ತಲೆ ಎತ್ತುವಷ್ಟರಲ್ಲಿ ಚೆಂಡು ನನ್ನ ಮುಖಕ್ಕೆ ಬರುತ್ತಿತ್ತು, ಪುಸ್ತಕ ಬಿಟ್ಟು ಹಿಡಿದೆ. ಸರಿಯಾದದ್ದಕ್ಕೆ ಪೀಪಿ ಊದಬೇಕೋ ಬೇಡವೋ ಪುಸ್ತಕದಲ್ಲಿ ನೋಡಿರಲಿಲ್ಲ.

"ನಂಗೂ ಒಂದ್ಸಲ ಕೊಡು. ನಲವತ್ತು ವರ್ಷದ ಮೇಲಾಯ್ತು ಎಸ್ದು" ಎಂದರು ಸ್ವಾಮಿ.

"ನೀನು ಕಾಲಲ್ಲಿ ಹಾಕು ಸ್ವಾಮಿ" ಎಂದರು ಮಾವ. "ಎಸಿಯದು ನಿಂಗೆ ಬತ್ತದೆ. ಇದ ಕಲಿ."

ನಾನು ಚೆಂಡನ್ನು ಗೆರೆಯ ಮೇಲೆ ಇಟ್ಟೆ. ಸ್ವಾಮಿಯವರು ಪಂಚೆ ಎತ್ತಿ ಕಟ್ಟಿ, ನಾಲ್ಕು ಹೆಜ್ಜೆ ಹಿಂದೆ ಹೋಗಿ, ಓಡಿ ಬಂದು ಒದ್ದರು. ಚೆಂಡು ಒಂದು ಮಾರು ಉರುಳಿತು. ಎಡಗಾಲಿನ ಚಪ್ಪಲಿ ಮಾತ್ರ ಎತ್ತರಕ್ಕೆ ಹಾರಿ ಹೊಳೆಗೆ ಬಿತ್ತು.

"ಹೋಗ್ ತಗೊ" ಎಂದರು ಮಾವ. "ನೀರಿಗೆ ಬಿದ್ದಿದ್ದ ಯಾರು ಬೇಕಾದ್ರೂ ಮುಟ್ಬೋದು."

ಸ್ವಾಮಿಯವರು ಬೊಕ್ಕಬಾಯಿ ತೆರೆದು ನಿಂತುಬಿಟ್ಟರು. ಆಮೇಲೆ ನಕ್ಕರೋ ಏನೋ, ಬೆನ್ನು ತಿರುಗಿಸಿ ಮೊಣಕಾಲು ನೀರಿಗೆ ಇಳಿಯುತ್ತಿದ್ದರಿಂದ ನನಗೆ ಕಾಣಲಿಲ್ಲ. ಮಾವ ದಡದಲ್ಲಿ ಚೆಂಡನ್ನು ಕಂಕುಳಲ್ಲಿಟ್ಟುಕೊಂಡು, "ಬೇಗ ಬಾರ್ಲಾ" ಎಂದು ಕೂಗುತ್ತಿದ್ದರು.

ಸೆಪ್ಟೆಂಬರ್ ಎಂಟಕ್ಕೆ ಟಿಕೆಟ್. ಪಾಸ್‌ಪೋರ್ಟಿನ ಕೆಲಸಕ್ಕೆ ಬುಧವಾರ ಹೋಗಬೇಕು, ಫಾರಂ ನಾನೇ ತುಂಬುತ್ತೇನೆ.

ಬರೆದು ಮುಗಿಸಿ ಹಾಳೆ ಹಿಂದಕ್ಕೆ ತಿರುಗಿಸಿದಾಗ ಕಂಡಿತು, ಹನ್ನೊಂದರ ಹಾಳೆ ಖಾಲಿ. ಶುಕ್ರವಾರ ನಾಗು ಮೈಸೂರುಪಾಕು ತಂದು ಮೇಜಿನ ಮೇಲಿಟ್ಟು ನನ್ನ ಮುಖವನ್ನೇ ನೋಡುತ್ತ ನಿಂತದ್ದು ಯಾಕೆಂದು ಈಗ ಗೊತ್ತಾಯಿತು. ನಾನು ಒಂದು ತುಂಡು ತಿಂದು, ಪಾಸ್‌ಪೋರ್ಟ್ ಫಾರಂ ಎಲ್ಲಿ ಸಿಗುತ್ತದೆ ಎಂದು ಕೇಳಿದ್ದೆ. ನಾಳೆಯಿಂದ ಒಂದು ವಾರ ಪಾತ್ರೆ ನನ್ನದು.